ಬ್ಯಾಳಿಸಾರು ಕುದಿಯುತಿದೆ

ನಮ್ಮೂರಿನಲ್ಲಿ ಹಾಡು ಕೇಳಲು ಬರುವವರು ಹೆಣ್ಣು ಕೇಳಲು ಬಂದವರ ಹಾಗೆಯೇ ಬರುತ್ತಾರೆ. ತಟ್ಟೆಯಲ್ಲಿ ತೆಂಗಿನಕಾಯಿ, ಎಲೆ ಅಡಿಕೆ, ಕುಂಕುಮದ ಬಟ್ಟಲು. ಹೊಸ್ತಿಲ ಹೊರಗೆ ನಿಂತು ಒಮ್ಮೆ ಕೆಮ್ಮುತ್ತಾರೆ. ಒಳಗಿನವರಿಗೆ ತಿಳಿಯುತ್ತದೆ. ತಿಪ್ಪಣ್ಣ ಮತ್ತು ಅವನ ಹೆಂಡತಿ ನೀಲಾಂಬಿಕಾ ನಮ್ಮ ಮನೆಗೆ ಬಂದದ್ದು ಒಂದು ಭಾನುವಾರ ಮುಂಜಾನೆ. ನಾನು ಅಂಗಳದಲ್ಲಿ ಬಟ್ಟೆ ಒಣಹಾಕುತ್ತಿದ್ದೆ. ತಿಪ್ಪಣ್ಣ ಕೆಮ್ಮಿದ. ಅವರು ಬರುತ್ತಾರೆಂದು ಊರಿಗೆಲ್ಲ ಗೊತ್ತಿತ್ತು. ನನಗೂ.

ತಿಪ್ಪಣ್ಣನದು ಚೌಕದಲ್ಲಿ ಕ್ಯಾಸೆಟ್ ಅಂಗಡಿ. ವರ್ಷಕ್ಕೊಮ್ಮೆ, ಊರಿನ ಬಾಯಲ್ಲಿ ಕೂತುಬಿಟ್ಟ ಹಾಡುಗಳನ್ನೆಲ್ಲ ಅವನು ಒಂದು ಕ್ಯಾಸೆಟ್ಟಿಗೆ ತುಂಬುತ್ತಾನೆ. ‘ಊರ ಹಿಟ್ಸ್’ ಎಂದು ಅದರ ಹೆಸರು. ಯುಗಾದಿಯ ಹಿಂದಿನ ದಿನ ಚೌಕದಲ್ಲಿ ಎಲ್ಲರ ಮುಂದೆ ಅದನ್ನು ಹಾಕುತ್ತಾರೆ. ಹಾಡು ‘ಊರ ಹಿಟ್ಸ್’ಗೆ ಹೋದರೆ ಬಾಯಿಂದ ಹೋಗುತ್ತದೆ. ಆಮೇಲೆ ಎಷ್ಟು ತಿಣುಕಿದರೂ ಗುನುಗಲು ಬರುವುದಿಲ್ಲ. ಕ್ಯಾಸೆಟ್ ಹಾಕಿದರೆ ಕೇಳಬಹುದು, ತಲೆ ಆಡಿಸಬಹುದು. ನಿಲ್ಲಿಸಿದರೆ ಮುಗಿಯಿತು. ಬಾಯಿ ಖಾಲಿಯಾಗುತ್ತದೆ, ಹೊಸ ಹಾಡಿಗೆ ಜಾಗವಾಗುತ್ತದೆ. ಬೇರೆ ಊರುಗಳಲ್ಲಿ ಹೀಗಿಲ್ಲ. ಎಂ.ಎ. ಓದಲು ಹೋದಾಗ, ಹಾಸ್ಟೆಲ್ಲಿನ ಹುಡುಗಿಯರು ತಮ್ಮ ಅಜ್ಜಿಯ ಕಾಲದ ಹಾಡುಗಳನ್ನೂ ಬಾಯಲ್ಲೇ ಇಟ್ಟುಕೊಂಡು ತಿರುಗುವುದನ್ನು ಕಂಡು ನನಗೆ ಬೆರಗಾಗಿತ್ತು. ಅಷ್ಟೊಂದನ್ನು ಇಟ್ಟುಕೊಂಡು ಊಟ ಹೇಗೆ ಮಾಡುತ್ತಾರೆ ಎನ್ನಿಸಿತ್ತು.

ಹಾಡು ಯಾರ ಮನೆಯಿಂದ ಊರಿಗೆ ಹತ್ತಿತೋ ಆ ಮನೆಯವರು ಒಪ್ಪಿ ಕೊಡಬೇಕು. ಅದು ಪದ್ಧತಿ. ಹಿಂದೊಮ್ಮೆ ಕುಂಬಾರ ಓಣಿಯ ಒಂದು ಮನೆಯವರು ಕೊಡುವುದಿಲ್ಲವೆಂದು ಹಟ ಹಿಡಿದರಂತೆ. ಆ ಹಾಡು ಕೂತೇ ಬಿಟ್ಟಿತು. ಹೊಸದೊಂದೂ ಊರೊಳಗೆ ಬರಲಿಲ್ಲ. ಮದುವೆಗೂ ಅದೇ, ಹೆಣದ ಮುಂದೆಯೂ ಅದೇ. ಆ ಕಾಲದಲ್ಲಿ ಹುಟ್ಟಿದ ಕೂಸುಗಳು ಅವ್ವ ಅನ್ನುವ ಮೊದಲು ಅದರ ಪಲ್ಲವಿ ಅಂದವು ಎಂದು ಹಿರಿಯರು ಈಗಲೂ ಹೇಳುತ್ತಾರೆ. ಆ ಮನೆಯವರು ಕೊನೆಗೆ ಊರು ಬಿಟ್ಟರು.

ಈ ವರ್ಷ ಉಳಿದವನ್ನೆಲ್ಲ ಮುಚ್ಚಿಹಾಕಿದ ಹಾಡು ಹತ್ತಿದ್ದು ನಮ್ಮ ಮನೆಯಿಂದ. ನನ್ನ ಗಂಡ ಮಲ್ಲಿನಾಥನಿಂದ.

ಅವನು ಮಿಕ್ಸರ್, ಫ್ರಿಜ್ ರಿಪೇರಿ ಮಾಡುತ್ತಿದ್ದ. ಊರಿನ ಅಡುಗೆಮನೆಗಳೆಲ್ಲ ಅವನಿಗೆ ಗೊತ್ತು. ನೆಲದ ಮೇಲೆ ಕೂತು ಸ್ಕ್ರೂ ಬಿಚ್ಚುವಾಗ ಹಾಡದೆ ಅವನ ಕೈ ಆಡುತ್ತಿರಲಿಲ್ಲ. ಈ ಹಾಡನ್ನು ಅವನು ಒಂದು ಬಸ್ಸಿನಲ್ಲಿ ಕೇಳಿ ಬಂದಿದ್ದ. ಅದು ಇದ್ದ ಸಿನಿಮಾ ನಮ್ಮೂರಿಗೆ ಬರಲೇ ಇಲ್ಲ. ಬಸ್ಸಿನ ಗದ್ದಲದಲ್ಲಿ ಕೇಳಿದ್ದನ್ನು ಅವನು ತನಗೆ ತಿಳಿದಂತೆ ಹಾಡಿದ. ಅವನಿಂದ ಕೇಳಿದವರು ಹಾಗೆಯೇ ಹಾಡಿದರು. ‘ನೀ ಬರದ ಸಂಜೆಯಲಿ ಬ್ಯಾಳಿಸಾರು ಕುದಿಯುತಿದೆ.’

ಅದು ಬೇಸರವು. ‘ನೀ ಬರದ ಸಂಜೆಯಲಿ ಬೇಸರವು ಕುದಿಯುತಿದೆ.’ ಯೂನಿವರ್ಸಿಟಿಯ ಕ್ಯಾಂಟೀನಿನಲ್ಲಿ ನಾನು ಅದನ್ನು ಎಷ್ಟೋ ಸಲ ಕೇಳಿದ್ದೆ. ಅವನಿಗೆ ಹೇಳಿದೆ.

“ಬ್ಯಾಸರ ಎಲ್ಲೆರ ಕುದೀತೈತೇನು?” ಎಂದ ಅವನು, ಬಾಯಲ್ಲಿ ಸ್ಕ್ರೂ ಕಚ್ಚಿಕೊಂಡೇ. “ಎಂ.ಎ. ಓದೀಯಂತ ಓದಿ! ಕುದಿಯೂದು ಬ್ಯಾಳಿಸಾರು. ಒಲಿ ಮ್ಯಾಲ ನೋಡು ಹೋಗು.”

ಒಲೆಯ ಮೇಲೆ ಬೇಳೆಸಾರು ಕುದಿಯುತ್ತಿತ್ತು. ಬೇಳೆಸಾರು ತಾಳಕ್ಕೆ ಸ್ವಲ್ಪ ಉದ್ದ. ಆ ಉದ್ದವನ್ನು ಅವನು ನುಂಗಿಕೊಂಡು ಹಾಡುತ್ತಿದ್ದ, ಬಿಸಿ ತುತ್ತು ನುಂಗಿದ ಹಾಗೆ.

ಹೋದ ಮಳೆಗಾಲ ಮುಗಿಯುವ ಹೊತ್ತಿಗೆ ಅವನಿಗೆ ಜ್ವರ ಬಂತು. ದೊಡ್ಡಾಸ್ಪತ್ರೆಗೆ ಒಯ್ದೆವು. ಅವನು ನಡೆದು ಮರಳಲಿಲ್ಲ. ಇದರ ಬಗ್ಗೆ ಇಷ್ಟೇ ಬರೆಯಬಲ್ಲೆ.

ಅವನು ಹೋದ ಮೇಲೆ ಹಾಡು ಇನ್ನಷ್ಟು ಹಬ್ಬಿತು. ಚಹದಂಗಡಿಯವನು ಹಾಲು ಎತ್ತಿ ಹುಯ್ಯುತ್ತ ಹಾಡಿದ. ಡಾಕ್ಟರು ಸೂಜಿ ಚುಚ್ಚುವಾಗ ಗುನುಗಿದರು. ನಾನು ಅರ್ಥಶಾಸ್ತ್ರ ಹೇಳಿಕೊಡುವ ಪಿ.ಯು. ಕಾಲೇಜಿನಲ್ಲಿ ಹುಡುಗರು ಹಾಜರಿಗೆ ‘ಎಸ್ ಮೇಡಂ’ ಅನ್ನುವುದೂ ಅದೇ ಧಾಟಿಯಲ್ಲಾಯಿತು. ನನ್ನನ್ನು ಕಂಡರೆ ಎಲ್ಲರೂ ಗಪ್ಪನೆ ಬಾಯಿ ಮುಚ್ಚಿಕೊಳ್ಳುತ್ತಿದ್ದರು. ಮುಚ್ಚಿದ ಬಾಯಿಂದ ತಪ್ಪಿಸಿಕೊಂಡು ಹಾಡು ಮೂಗಿನಿಂದ ಬರುತ್ತಿತ್ತು. ಹೆಂಗಸರು ಸೆರಗಿನಿಂದ ಮೂಗನ್ನೂ ಒತ್ತಿ ಹಿಡಿಯುತ್ತಿದ್ದರು. ಪಾಪ, ಅವರ ತಪ್ಪೇನೂ ಇರಲಿಲ್ಲ.

ನನಗೆ ಮಾತ್ರ ಹಾಡು ಬರಲಿಲ್ಲ. ಅಳುವೂ ಬರಲಿಲ್ಲ. ನನ್ನ ಬಾಯಿ ತೊಳೆದಿಟ್ಟ ಪಾತ್ರೆಯ ಹಾಗಿತ್ತು. ಆದರೆ ಕಾಲೇಜಿನಿಂದ ಬರುವಾಗ ಸುತ್ತುಬಳಸಿ ಸಂತೆ ಬೀದಿಯಿಂದ ಬರುತ್ತಿದ್ದೆ. ಯಾರಿಗೂ ಕಾಣದಂತೆ ಕಂಬದ ಮರೆಗೆ ನಿಂತು ಕೇಳುತ್ತಿದ್ದೆ. ಉಳ್ಳಾಗಡ್ಡಿ ತೂಗುವವಳು, ಬಳೆ ಇಡಿಸುವವನು, ಸೈಕಲ್ಲಿಗೆ ಗಾಳಿ ಹಾಕುವವನು, ಎಲ್ಲರೂ ಬೇಳೆಸಾರಿನ ಹತ್ತಿರ ಬಂದಾಗ ಅವನ ಹಾಗೆಯೇ ಗುಟುಕ್ಕನೆ ನುಂಗುತ್ತಿದ್ದರು. ಅವನು ಇನ್ನೂ ಇದ್ದದ್ದು ಅಲ್ಲಿ ಮಾತ್ರ.

ಇದನ್ನೇ ಕೇಳಲು ತಿಪ್ಪಣ್ಣ ಬಂದಿದ್ದ.

ತಟ್ಟೆಯಲ್ಲಿ ಕುಂಕುಮದ ಬಟ್ಟಲು ಇರುವ ಜಾಗದಲ್ಲಿ ಸಕ್ಕರೆಯ ಬಟ್ಟಲಿತ್ತು. ನೀಲಾಂಬಿಕಾ ಯೋಚಿಸಿಯೇ ಇಟ್ಟಿದ್ದಳು. ನನ್ನ ಅತ್ತೆ ಗಿರಿಜವ್ವ ಅದನ್ನು ನೋಡಿದರು, ಏನೂ ಅನ್ನದೆ ಚಾಪೆ ಹಾಸಿದರು. ಅವರ ಹಣೆಯೂ ಬಹಳ ವರ್ಷಗಳಿಂದ ಖಾಲಿ.

“ನಿಮ್ಮ ಮನಿ ಹಾಡು ಬೇಕಾಗಿತ್ರಿ ಅಕ್ಕಾರ,” ಎಂದ ತಿಪ್ಪಣ್ಣ. “ಕೊಟ್ರ ಚೊಲೋತ್ನಾಗಿ ನೋಡಿಕೋತೀವ್ರಿ. ಮೊದಲನೇ ನಂಬರ್ ಅದನ್ನ ಇಡತೇನಿ.”

ನಾನು ಸಕ್ಕರೆಯ ಬಟ್ಟಲನ್ನೇ ನೋಡುತ್ತಿದ್ದೆ. ಅವನಿಗೆ ಮಾತು ಬೆಳೆಸುವುದು ಅನಿವಾರ್ಯವಾಯಿತು.

“ಊರ ಬಾಯಿ ತುಂಬಿಬಿಟ್ಟೈತ್ರಿ. ಮುಂದಿನ ತಿಂಗಳ ನನ್ನ ಮಗಳ ಮದಿವಿ ಐತಿ. ಬ್ಯಾಂಡಿನವರಿಗೆ ಬ್ಯಾರೆ ಒಂದೂ ಬರವಲ್ದು. ಮದುಮಗನ ಮುಂದ ‘ನೀ ಬರದ ಸಂಜೆ’ ಅಂತ ಊದಿದ್ರ ಹ್ಯಾಂಗ್ರೀ? ಅಂವ ಮಂಟಪದಿಂದ ಎದ್ದ ಹೋದಾನು.”

“ನೀವೊಬ್ರು! ಎಲ್ಲಿ ಏನ ಮಾತಾಡಬೇಕು ಗೊತ್ತಾಗೂದಿಲ್ಲ,” ಎಂದು ನೀಲಾಂಬಿಕಾ ಗಂಡನ ತೊಡೆ ತಿವಿದಳು. ಆಮೇಲೆ ನನ್ನ ಕಡೆ ತಿರುಗಿ ಮೆಲ್ಲಗೆ ಹೇಳಿದಳು: “ಸುಗಲಾ, ನಮ್ಮ ಅಂಗಡಿ ರೆಕಾರ್ಡರ್ ಕೆಟ್ಟಿದ್ದಾಗ ನಿಮ್ಮವರು ಬಂದು ರಿಪೇರಿ ಮಾಡಿದ್ರಲ್ಲ, ಆಗ ಸರಿ ಆತೋ ಇಲ್ಲೋ ನೋಡಾಕ ಅವರ ಹಾಡಿದ್ರು. ಪೂರಾ ಹಾಡು. ಆ ಟೇಪ್ ಹಂಗ ಐತಿ. ಸಿನಿಮಾದವರದು ಬಿಟ್ಟು ಅದನ್ನ ಹಾಕೂಣು ಅಂತ ಇವರು ಅಂತಾರ. ಮನಿಮನಿಯೊಳಗ ಮಲ್ಲಿನಾಥಣ್ಣನ ದನಿ ಇರತೈತಿ.”

ಅತ್ತೆ ಬಾಯಿಗೆ ಸೆರಗು ಹಚ್ಚಿದರು. “ಹಾಕು ತಮ್ಮಾ, ಹಾಕು,” ಎಂದರು. “ನನ್ನ ಕೂಸಿನ ದನಿ! ಕೇಳೂದೇನೈತಿ ಇದರಾಗ?”

ಕೇಳುವುದಿತ್ತು. ಆ ದನಿ ಕ್ಯಾಸೆಟ್ಟಿಗೆ ಹೋದರೆ ಹಾಡು ಅವನು ಹಾಡಿದ ಹಾಗೆಯೇ, ಬೇಳೆಸಾರಿನ ಸಮೇತ, ಎಲ್ಲರ ಬಾಯಿಂದ ಹೋಗುತ್ತದೆ. ಮನೆಮನೆಯ ಕಪಾಟಿನಲ್ಲಿ ಅವನು ಸಾಲಾಗಿ ಕೂರುತ್ತಾನೆ. ಹಬ್ಬಕ್ಕೊಮ್ಮೆ ತೆಗೆದು ಧೂಳು ಒರೆಸುತ್ತಾರೆ. ಸಂತೆ ಬೀದಿ ಸುಮ್ಮನಾಗುತ್ತದೆ.

“ಒಂದು ವಾರ ಕೊಡ್ರಿ,” ಎಂದೆ.

ತಿಪ್ಪಣ್ಣನ ಮುಖ ಬಿಳಿಚಿತು. ಕುಂಬಾರ ಓಣಿಯ ಮನೆ ಅವನಿಗೆ ನೆನಪಾಗಿರಬೇಕು. ತೆಂಗಿನಕಾಯಿ ಬಿಟ್ಟು ಹೋದ. ಒಡೆದರೆ ಒಪ್ಪಿದ ಹಾಗೆ. ನಾನು ಅದನ್ನು ಹಿಟ್ಟಿನ ಡಬ್ಬಿಯ ಮೇಲೆ ಇಟ್ಟೆ.

ಆ ವಾರ ಅತ್ತೆ ನನ್ನೊಂದಿಗೆ ಸರಿಯಾಗಿ ಮಾತಾಡಲಿಲ್ಲ. ಊಟಕ್ಕೆ ಬಡಿಸುವಾಗ ತಟ್ಟೆ ತುಸು ಜೋರಾಗಿ ಸದ್ದು ಮಾಡಿತು. ಒಮ್ಮೆ ತಡೆಯಲಾಗದೆ ಕೇಳಿದರು: “ನನ್ನ ಮಗನ ದನಿ ನಾಕ ಮಂದಿ ಮನಿಯೊಳಗ ಇರಲಿ ಅಂದ್ರ ನಿನಗೇನ ಸಂಕಟ?”

“ದನಿ ಡಬ್ಬಿಯೊಳಗ ಇರತೈತ್ರಿ ಅತ್ತಿ. ಬಾಯಾಗಿಂದು ಹೋಗತೈತಿ.”

“ಮಂದಿ ಬಾಯಿ ಏನ ಶಾಶ್ವತನ? ಇವತ್ತ ಒಂದ ಹಾಡತಾರ, ನಾಳೆ ಒಂದ. ಡಬ್ಬಿಯೊಳಗಿದ್ದರ ನಂದಂತ ಇರತೈತಿ.”

ಅವನು ಉಳಿಯಲಿ ಎಂಬುದನ್ನೇ ಇಬ್ಬರೂ ಅನ್ನುತ್ತಿದ್ದೆವು, ಅದು ನನಗೂ ಗೊತ್ತಿತ್ತು, ಅವರಿಗೂ ಗೊತ್ತಿತ್ತು. ಆದರೂ ಮಾತು ಅಲ್ಲಿಗೇ ನಿಂತಿತು.

ಶುಕ್ರವಾರ ಮಧ್ಯಾಹ್ನ ಅವರು ಮೊರದಲ್ಲಿ ಅಕ್ಕಿ ಆರಿಸುತ್ತಿದ್ದರು. ನಾನು ಉತ್ತರಪತ್ರಿಕೆ ತಿದ್ದುತ್ತಿದ್ದೆ. ಅವರು ತಮಗೆ ತಾವೇ ಗುನುಗಿದರು: “ಗೋಡಂಬಿ ನಾಚಿತು...” ಕಲ್ಲು ಆರಿಸಿ ಬಿಸಾಡಿ ಮತ್ತೆ, “ಗೋಡಂಬಿ ನಾಚಿತು...”

ಮದುವೆಯಾಗಿ ಬಂದಾಗಿನಿಂದ ಇದನ್ನು ಕೇಳಿದ್ದೇನೆ. ಅವರು ಅಕ್ಕಿ ಆರಿಸಲು ಕೂತರೆ ಇದು ಬರುತ್ತದೆ. ಹಿಂದಿಲ್ಲ, ಮುಂದಿಲ್ಲ. ನಮ್ಮೂರಿನ ಹಿರಿಯರ ಬಾಯಲ್ಲಿ ಇಂಥವು ಒಂದೊಂದು ಇರುತ್ತವೆ. ‘ಚೂರು’ ಎನ್ನುತ್ತೇವೆ. ಹಲ್ಲಿನ ಸಂದಿಯಲ್ಲಿ ಅಡಿಕೆ ಉಳಿದಂತೆ ಉಳಿದದ್ದು ಎಂದು ಯಾರೂ ಅದಕ್ಕೆ ತಲೆ ಕೆಡಿಸಿಕೊಳ್ಳುವುದಿಲ್ಲ. ನಾನೂ ಕೆಡಿಸಿಕೊಂಡಿರಲಿಲ್ಲ. ಅವತ್ತು ಪೆನ್ನು ಕೆಳಗಿಟ್ಟೆ.

“ಅದು ಯಾವ ಹಾಡ್ರಿ ಅತ್ತಿ?”

“ಯಾವುದು?”

“ಗೋಡಂಬಿ.”

“ಯಾರಿಗ್ಗೊತ್ತು! ನಿಮ್ಮ ಮಾವ ಅನ್ನಾಂವ. ಮಿಠಾಯಿ ಅಂಗಡ್ಯಾಗ ಇದ್ದನಲ್ಲ, ಬರೇ ಗೋಡಂಬಿ, ದ್ರಾಕ್ಷಿ, ಅದ ಧ್ಯಾನ,” ಎಂದು ಮೊರ ಕುಟ್ಟಿದರು. ಸಿಟ್ಟಿನಲ್ಲಿದ್ದೇನೆ ಎಂಬುದು ನೆನಪಾಗಿ ಅಲ್ಲಿಗೆ ನಿಲ್ಲಿಸಿದರು.

ಕಪಾಟಿನ ಮೇಲಿನ ಸಾಲಿನಲ್ಲಿ ಹಳೆಯ ‘ಊರ ಹಿಟ್ಸ್’ಗಳಿವೆ, ಎಲ್ಲರ ಮನೆಯಲ್ಲಿ ಇರುವ ಹಾಗೆ. ನಾನು ಸ್ಟೂಲು ಹತ್ತಿ ಇಳಿಸಿದೆ. ಮಲ್ಲಿನಾಥ ಕೂಡಿಸಿ ಕೊಟ್ಟ ಟೇಪ್‌ರೆಕಾರ್ಡರನ್ನು ಅವನು ಹೋದ ಮೇಲೆ ಯಾರೂ ಮುಟ್ಟಿರಲಿಲ್ಲ. ಗುಂಡಿ ಒತ್ತಿದಾಗ ಅದು ಒಮ್ಮೆ ಗೊರಕೆ ಹೊಡೆದು ತಿರುಗಿತು. ಒಂದಾದ ಮೇಲೆ ಒಂದು ಕ್ಯಾಸೆಟ್ ಹಾಕುತ್ತ ಹೋದೆ. ನಾನು ಹುಟ್ಟುವ ಮುಂಚಿನ ಹಾಡುಗಳು. ಊರು ಒಂದು ಕಾಲಕ್ಕೆ ಬಾಯ್ತುಂಬ ಹಾಡಿ, ಈಗ ಕೇಳುವುದಷ್ಟಕ್ಕೇ ಉಳಿದ ಹಾಡುಗಳು. ಅತ್ತೆ ಅಡುಗೆಮನೆಯಿಂದ, “ಏನ ಹುಚ್ಚ ಹಿಡೀತೇನು ಇವತ್ತ?” ಎಂದರು.

ಹೊತ್ತು ಇಳಿಯುವಾಗ ಅದು ಬಂತು. ಒಬ್ಬಳು ಗಾಯಕಿ, ಎಳೆ ದನಿ, ಪದ ಪದವೂ ಸ್ಪಷ್ಟ. ‘ಗೋಧೂಳಿ ನಾಚಿತು ನಿನ್ನ ಕೆನ್ನೆ ಕಂಡು.’

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು. ಅತ್ತೆ ಒದ್ದೆ ಕೈಯಲ್ಲೇ ಬಾಗಿಲಿಗೆ ಬಂದರು.

“ಮತ್ತೊಮ್ಮೆ ಹಾಕು.”

ಹಾಕಿದೆ.

“ಗೋಧೂಳಿ ಅಂತಾಳೇನು?”

“ಹೌದ್ರಿ. ಗೋಧೂಳಿ.”

“ಅಯ್ಯ ನಿನ್ನ!” ಎಂದು ಅವರು ನೆಲದ ಮೇಲೆ ಕೂತುಬಿಟ್ಟರು. ನಗು ಬಂತು ಅವರಿಗೆ. ಹೊಟ್ಟೆ ಹಿಡಿದುಕೊಂಡು ನಕ್ಕರು. “ಗೋಡಂಬಿ ನಾಚಿತು ನಿನ್ನ ಕೆನ್ನೆ ಕಂಡು ಅಂತ ನನ್ನ ಮುಂದ ಹಾಡಾಂವ ಆ ಮನಶ್ಯಾ! ನಾನೂ ನಾಚಿಕೋತ ನಿಂದರತಿದ್ದೆ. ಗೋಡಂಬಿ ಯಾಕ ನಾಚತೈತಿ ಅಂತ ಒಂದ ದಿನ ಕೇಳಲಿಲ್ಲ. ಈ ಮನಿ ಗಂಡಸರ ಕಿವೀನ ಹಂಗ ನೋಡು, ಅಪ್ಪಂದೂ ಅಷ್ಟ, ಮಗಂದೂ ಅಷ್ಟ.”

ನಗು ಇಳಿಯಲು ಬಹಳ ಹೊತ್ತು ಹಿಡಿಯಿತು. ಇಳಿದ ಮೇಲೆ ಸೆರಗಿನಿಂದ ಕಣ್ಣು ಒರೆಸಿಕೊಂಡು, ಟೇಪ್‌ರೆಕಾರ್ಡರನ್ನೇ ನೋಡುತ್ತ ಕೂತರು. ಹಾಡು ಮುಗಿದು ಬೇರೊಂದು ಶುರುವಾಗಿತ್ತು. ಹಿಂದಿನದನ್ನು ಗುನುಗಲು ನೋಡಿದರು. ಬಾಯಿ ತೆರೆಯಿತು, ಧಾಟಿ ಬರಲಿಲ್ಲ. “ಗೋಡಂಬಿ ನಾಚಿತು,” ಎಂಬುದು ಮಾತ್ರ ಬಂತು, ಸಲೀಸಾಗಿ.

“ಹಾಡೆಲ್ಲಾ ಹೋತು,” ಎಂದರು. “ಇದೊಂದ ಹ್ಯಾಂಗ ಉಳೀತು ಅಂತ ನಾ ವಿಚಾರ ಮಾಡಿರಲೇ ಇಲ್ಲ.”

ನಾನು ಟೇಪ್ ನಿಲ್ಲಿಸಿದೆ. ಅವರೇ ಮುಂದುವರಿಸಿದರು.

“ಕ್ಯಾಸೆಟ್ಟಿನ್ಯಾಗ ಇಲ್ಲದ್ದಕ್ಕ ಉಳದೈತಿ. ಅಂವ ತಪ್ಪ ಹಾಡಿದ್ದಕ್ಕ ಉಳದೈತಿ.” ಎದ್ದು ಸೆರಗು ಸಿಕ್ಕಿಸಿಕೊಂಡು, “ತಿಪ್ಪಣ್ಣಗ ಹೇಳು, ಸಿನಿಮಾದವರ ಹಾಡನ್ನ ಹಾಕು ಅಂತ. ಕಾಯಿ ಎಲ್ಲೈತಿ?”

ಕಾಯಿಯನ್ನು ಅವರೇ ಒಡೆದರು. ಸರಿಯಾಗಿ ಎರಡು ಹೋಳಾಯಿತು. ಒಂದೇ ಒಂದು ಚೂರನ್ನು ನಂಬಿ ನಾವು ಇಷ್ಟು ದೊಡ್ಡದನ್ನು ಕೊಡುತ್ತಿದ್ದೆವು. ಬೇಳೆಸಾರು ಉಳಿಯುತ್ತದೆಂದು ಯಾರೂ ಬರೆದುಕೊಟ್ಟಿರಲಿಲ್ಲ. ಉಳಿಯದಿದ್ದರೆ ಅವನ ದನಿಯ ಕ್ಯಾಸೆಟ್ಟೂ ಊರಿನಲ್ಲಿ ಇರುವುದಿಲ್ಲ, ಬಾಯಲ್ಲೂ ಇರುವುದಿಲ್ಲ.

ಅಂಗಡಿಗೆ ಹೋಗಿ ಹೇಳಿದಾಗ ತಿಪ್ಪಣ್ಣ ಗಲ್ಲದ ಮೇಲೆ ಕೈ ಇಟ್ಟ. “ಒರಿಜಿನಲ್ ಹಾಕಬೇಕ್ರಿ? ವಿಚಾರ ಮಾಡ್ರಿ ಅಕ್ಕಾರ. ಆ ಬಾಂಬೆ ಮಂದಿ ದನಿ ಎಲ್ಲಿ, ನಮ್ಮ ಮಲ್ಲಿನಾಥನ ದನಿ ಎಲ್ಲಿ!”

“ಒರಿಜಿನಲ್ ಹಾಕ್ರಿ.”

“ಆದರ ಅದರಾಗ ಬ್ಯಾಳಿಸಾರು ಇಲ್ಲಲ್ರೀ!”

“ಇಲ್ಲ,” ಎಂದೆ. “ಅದಕ್ಕ ಅದನ್ನ ಹಾಕ್ರಿ.”

ಅವನಿಗೆ ತಿಳಿಯಲಿಲ್ಲ. ಆದರೂ ಒಳಗೆ ಹೋಗಿ ಮಲ್ಲಿನಾಥನ ಟೇಪನ್ನು ಪೇಪರಿನಲ್ಲಿ ಸುತ್ತಿ ತಂದು ನನ್ನ ಕೈಯಲ್ಲಿಟ್ಟ. “ಹಂಗಿದ್ರ ಇದು ನಿಮ್ಮ ಮನಿದು,” ಎಂದ. ಅದನ್ನು ನಾನು ಇನ್ನೂ ಕೇಳಿಲ್ಲ. ಸೀರೆಗಳ ನಡುವೆ ಇದೆ. ಕೇಳುತ್ತೇನೆ. ಅವಸರವಿಲ್ಲ.

ಯುಗಾದಿಯ ಹಿಂದಿನ ದಿನ ಊರೆಲ್ಲ ಚೌಕದಲ್ಲಿತ್ತು. ತಿಪ್ಪಣ್ಣ ಅಂಗಡಿಯ ಮುಂದಿನ ಹಾರ್ನ್ ಸ್ಪೀಕರಿಗೆ ಚೆಂಡು ಹೂವಿನ ಮಾಲೆ ಹಾಕಿದ್ದ. ನಾನು ಮತ್ತು ಅತ್ತೆ ಒಂದು ಕಡೆ ನಿಂತೆವು. ನಮ್ಮ ಪಕ್ಕದ ಮನೆಯ ಹಮೀದಾ, ಹೊಲಿಗೆ ಬಿಟ್ಟು ಬಂದವಳು, ನನ್ನ ಕೈ ಹಿಡಿದುಕೊಂಡಳು. ಕ್ಯಾಸೆಟ್ ತಿರುಗಿತು. ಮೊದಲನೆಯ ಹಾಡೇ ನಮ್ಮದು. ಒಬ್ಬ ಗಾಯಕ, ನುಣುಪು ಗಂಟಲು, ಹಿಂದೆ ಪಿಟೀಲುಗಳ ದೊಡ್ಡ ಗುಂಪು. ‘ನೀ ಬರದ ಸಂಜೆಯಲಿ ಬೇಸರವು ಕುದಿಯುತಿದೆ.’

ಜನ ಒಬ್ಬರ ಮುಖ ಒಬ್ಬರು ನೋಡಿದರು.

“ಏನಂದ ಅಂವ? ಬೇಸರವು?”

“ಬ್ಯಾಸರ ಹ್ಯಾಂಗ ಕುದೀತೈತೋ ಮಾರಾಯ?”

“ತಪ್ಪ ಹಾಡ್ಯಾನ ನೋಡು,” ಎಂದು ಉಳ್ಳಾಗಡ್ಡಿಯವಳು ತೀರ್ಪು ಕೊಟ್ಟಳು. “ರೊಕ್ಕಾ ತೊಗೊಂಡ ಹಾಡಾಂವ, ಒಂದೀಟ ಕೇಳಿ ತಿಳಕೊಂಡ ಹಾಡಬಾರದ?”

ಚೌಕವೆಲ್ಲ ನಕ್ಕಿತು. ಅತ್ತೆಯೂ ನಕ್ಕರು. ನಗುತ್ತಿರುವಾಗಲೇ ಹಾಡು ಮುಗಿಯಿತು. ಎಂದಿನಂತೆ ಎಲ್ಲರೂ ಒಮ್ಮೆ ಗಂಟಲು ಸರಿಮಾಡಿಕೊಂಡರು. ಬಾಯಿಂದ ಏನೋ ಎದ್ದು ಹೋಗುವಾಗ ಹಾಗಾಗುತ್ತದೆ.

ಮನೆಗೆ ಸಂತೆ ಬೀದಿಯಿಂದಲೇ ಬಂದೆವು. ಬೀದಿ ಸುಮ್ಮನಿತ್ತು. ತಕ್ಕಡಿಯ ಸದ್ದು, ಸೈಕಲ್ ಪಂಪಿನ ಸದ್ದು ಬಿಟ್ಟರೆ ಏನೂ ಇಲ್ಲ. ಬಳೆಯವನು ನನ್ನನ್ನು ಕಂಡು ಅಭ್ಯಾಸದಂತೆ ಬಾಯಿ ಮುಚ್ಚಿಕೊಂಡ. ಮುಚ್ಚಲು ಒಳಗೆ ಏನೂ ಇಲ್ಲವೆಂದು ತಿಳಿದು ಕೈ ಇಳಿಸಿದ. ನಾನು ಎಂದಿನ ಕಂಬದ ಹತ್ತಿರ ನಿಂತೆ. ಅತ್ತೆ ನನ್ನ ತೋಳು ಹಿಡಿದು ಮುಂದೆ ನಡೆಸಿದರು. ಮನೆಗೆ ಬಂದು ನಾನು ಬೇಳೆ ಇಟ್ಟೆ. ಬೇಯಿತು, ಕಡೆದೆ, ಹುಣಸೆಹಣ್ಣು ಹಿಂಡಿದೆ, ಪಾತ್ರೆಯನ್ನು ಮತ್ತೆ ಒಲೆಗೇರಿಸಿದೆ. ಮಾಡಲು ಬೇರೇನೂ ಇರಲಿಲ್ಲ. ಹೊರಗೆ ಬಂದು ಮೆಟ್ಟಿಲ ಮೇಲೆ ಕೂತೆ.

ಗೋಡೆಯ ಆಚೆ ಹಮೀದಾಳ ಹೊಲಿಗೆ ಯಂತ್ರ ಶುರುವಾಯಿತು. ಓಡಿತು, ನಿಂತಿತು, ಮತ್ತೆ ಓಡಿತು.

“ಬ್ಯಾಳಿಸಾರು...” ಎಂದಿತು ಒಂದು ದನಿ.

ಯಂತ್ರ ನಿಂತಿತು.

“ಬ್ಯಾಳಿಸಾರು ಕುದಿಯುತಿದೆ...” ಗುಟುಕ್ಕನೆ ನುಂಗಿ, ಅವನ ಹಾಗೆಯೇ. ಹಮೀದಾಳ ತಲೆ ಗೋಡೆಯ ಮೇಲೆ ಕಂಡಿತು, ಬಾಯಲ್ಲಿ ದಾರದ ತುದಿ. “ಅಕ್ಕಾ, ಇದರ ಮುಂದಿಂದ ಏನು? ಹಿಂದಿಂದೂ ಬರವಲ್ದು.”

“ಮುಂದ ಏನಿಲ್ಲ,” ಎಂದೆ. “ಅಷ್ಟ.”

“ಅಷ್ಟನಾ? ಚೊಲೋ ಆತು ಬಿಡು. ಆ ಸಂಜೀದು ಬಾಯಿಗೆ ಬಂದ್ರ ನಿನ್ನ ಮಾರಿ ನೋಡಾಕ ಆಗತಿರಲಿಲ್ಲ.” ತಲೆ ಇಳಿಯಿತು. ಯಂತ್ರದ ಜೊತೆ ಬೇಳೆಸಾರೂ ಓಡತೊಡಗಿತು.

ಅವಳಿಂದ ಹಿಂದಿನ ಮನೆಗೆ ದಾಟಿತು. ಅಲ್ಲಿಂದ ಮೂಲೆಯ ಅಂಗಡಿಗೆ. ಬೀದಿಯ ಆ ತುದಿಯಲ್ಲಿ ಯಾರೋ ಗಂಡಸು ದೊಡ್ಡ ದನಿಯಲ್ಲಿ ಎತ್ತಿಕೊಂಡ. ‘ನೀ ಬರದ ಸಂಜೆ’ ಎಲ್ಲರ ಬಾಯಿಂದ ಹೋಗಿತ್ತು. ಕುದಿಯುವುದು ಉಳಿದಿತ್ತು.

ಒಳಗೆ ಅತ್ತೆ ಮೊರ ಹಿಡಿದು ಕೂತಿದ್ದರು. ನಾಳೆಯ ಹೋಳಿಗೆಗೆ ಕಡಲೆಬೇಳೆ ಆರಿಸಬೇಕಿತ್ತು. “ಗೋಡಂಬಿ ನಾಚಿತು,” ಎಂದರು. ಒಂದು ಕಲ್ಲು ಬಿಸಾಡಿದರು. “ಬ್ಯಾಳಿಸಾರು ಕುದಿಯುತಿದೆ.” ಎರಡನ್ನೂ ಒಂದೇ ಧಾಟಿಗೆ ಹೊಂದಿಸಿಕೊಂಡಿದ್ದರು. ಅಪ್ಪ, ಮಗ ಒಂದೇ ಸಾಲಿನಲ್ಲಿ ಕೂತು ಊಟ ಮಾಡುತ್ತಿರುವ ಹಾಗಿತ್ತು.

ನನ್ನ ಗಂಟಲಲ್ಲಿ ಏನೋ ಅಡ್ಡ ಬಂತು. ಅಳು ಎಂದುಕೊಂಡೆ. ಬಾಯಿ ತೆರೆದರೆ ಅದು ಅಳುವಾಗಿರಲಿಲ್ಲ. ಒಡಕು ದನಿ, ತಾಳವಿಲ್ಲ, ನನ್ನದೆಂದು ನನಗೇ ಗುರುತು ಸಿಗಲಿಲ್ಲ. ನುಂಗುವ ಜಾಗದಲ್ಲಿ ಮಾತ್ರ ಸರಿಯಾಗಿ ನುಂಗಿದೆ. ಅತ್ತೆಯ ಕೈ ಮೊರದಲ್ಲೇ ನಿಂತಿತು. ಅವರು ನನ್ನ ಕಡೆ ನೋಡಲಿಲ್ಲ. ನೋಡಿದರೆ ನಿಂತುಹೋದೀತು ಎಂದು ಹೆದರಿದರೇನೋ.

“ಸುಗಲಾ,” ಎಂದರು ಬೇಳೆಯನ್ನೇ ನೋಡುತ್ತ, “ಸಾರು ಉಕ್ಕಾಕತ್ತೈತಿ ನೋಡವ್ವಾ.”

ಎದ್ದು ಹೋಗಿ ಉರಿ ಸಣ್ಣದು ಮಾಡಿದೆ. ಬಾಯಿ ನಿಲ್ಲಿಸಲಿಲ್ಲ.